ಅತ್ತೆ ಕಾವಿಗಿಟ್ಟ ಆಮೆ ಮೊಟ್ಟೆ

ನಮ್ಮ ಅತ್ತೆ ಕಾವಿಗೆ ಕೂರಿಸಿದ ಮೊಟ್ಟೆ ಕೆಟ್ಟಿದ್ದನ್ನು ನಮ್ಮೂರಲ್ಲಿ ಯಾರೂ ಕಂಡಿಲ್ಲ. ನಾನು ಕಂಡಿದ್ದೇನೆ. ಹದಿಮೂರು ಇಟ್ಟರೆ ಒಂದೋ ಎರಡೋ ಕೊಳೆತು ಉಳಿಯುವುದು ಇದ್ದೇ ಇತ್ತು. ಆದರೆ ಅಂಥವನ್ನು ಅತ್ತೆ ಬೆಳಕು ಹರಿಯುವ ಮೊದಲೇ ಸೆರಗಿನಲ್ಲಿ ಮುಚ್ಚಿಕೊಂಡು ಹೋಗಿ ತಿಪ್ಪೆಯಲ್ಲಿ ಹೂತು, ಕೈ ತೊಳೆದುಕೊಂಡು, ಏನೂ ಆಗದವರ ಹಾಗೆ ಕಾಫಿಗೆ ಕೂರುತ್ತಿದ್ದರು. ಮದುವೆಯಾಗಿ ಬಂದ ಹೊಸತರಲ್ಲಿ ಒಮ್ಮೆ ನಾನು ನೋಡಿಬಿಟ್ಟೆ. "ಯಾರ್ಗೂ ಏಳ್ಬೇಡ ಕಣಮ್ಮ," ಎಂದರು. ನಾನು ಹೇಳಲಿಲ್ಲ. ಇಷ್ಟು ವರ್ಷದ ಮೇಲೆ ಇಲ್ಲಿ ಬರೆಯುತ್ತಿದ್ದೇನೆ, ಅದೂ ಅವರನ್ನು ಕೇಳಿಕೊಂಡೇ.

ನಮ್ಮೂರು ಬಂಗಾರಪೇಟೆಗೆ ಹತ್ತಿರ. ಮನೆಯಲ್ಲಿ ನಾಲ್ಕು ಸೀಮೆಹಸು, ಡೈರಿಗೆ ಎರಡು ಹೊತ್ತು ಹಾಲು, ಕೆರೆಯ ಪಕ್ಕಕ್ಕೆ ಒಂದು ತುಂಡು ಹೊಲ. ಹೊಲ, ಹಸು ನನ್ನ ಗಂಡನ ಪಾಲು. ನಾನು ಊರಿಗಾಂನ ಒಂದು ಶಾಲೆಯ ಆಫೀಸಿನಲ್ಲಿ ಗುಮಾಸ್ತೆ. ಬೆಳಿಗ್ಗೆ ಎದ್ದು, ಹಾಲು ಕರೆದು, ತಿಂಡಿ ಮಾಡಿ, ಬಂಗಾರಪೇಟೆ ಸ್ಟೇಷನ್ನಿಗೆ ಓಡಿ ಮಾರಿಕುಪ್ಪಂ ಕಡೆಯ ರೈಲು ಹಿಡಿಯುವುದು ನನ್ನ ದಿನದ ಮೊದಲ ಯುದ್ಧ. ಮಾವ ಬದುಕಿದ್ದಾಗ ಅದೇ ದಾರಿಯಲ್ಲಿ ಚಾಂಪಿಯನ್ ರೀಫ್ಸ್‌ಗೆ ಹೋಗಿ ಚಿನ್ನದ ಗಣಿಗೆ ಇಳಿಯುತ್ತಿದ್ದರಂತೆ. ಅವರು ಬಿಟ್ಟುಹೋದ ಸಾಮಾನಿನಲ್ಲಿ ಒಂದು ಗೇಣುದ್ದದ ದಪ್ಪ ಮೊಳೆ ಇತ್ತು, ಗಣಿಯೊಳಗೆ ಟ್ರಾಲಿ ಓಡುವ ಹಳಿಗೆ ಹೊಡೆಯುವಂಥದ್ದು. ಅದು ಮನೆಯಲ್ಲಿ ಉಳಿದಿದ್ದು ಅತ್ತೆಯ ಕೋಳಿ ಕೆಲಸಕ್ಕಾಗಿ.

ಗುಡುಗು ಬಂದರೆ ಕಾವಿಗಿಟ್ಟ ಮೊಟ್ಟೆ ಕೆಡುತ್ತದೆ ಎಂದು ನಮ್ಮ ಕಡೆ ನಂಬಿಕೆ. ಅದಕ್ಕೆ ಬುಟ್ಟಿಯಲ್ಲಿ ಮೊಟ್ಟೆಯ ಜೊತೆಗೆ ಒಂದು ಕಬ್ಬಿಣದ ತುಂಡು ಇಡಬೇಕು. ಬೇರೆಯವರು ಮುರಿದ ಕುಡುಗೋಲಿಡುತ್ತಾರೆ. ನಮ್ಮ ಅತ್ತೆ ಮಾವನ ಮೊಳೆಗೆ ಅರಿಶಿನ ಹಚ್ಚಿ ಇಡುತ್ತಿದ್ದರು. ಮೊಟ್ಟೆ ಬೆಸ ಸಂಖ್ಯೆಯಲ್ಲೇ ಇರಬೇಕು. ಪ್ರತಿ ಮೊಟ್ಟೆಯ ನೆತ್ತಿಗೆ ಇದ್ದಿಲಿನಲ್ಲಿ ಒಂದು ಬೊಟ್ಟು. ಕೋಳಿ ಮೊಟ್ಟೆಯನ್ನು ತಾನೇ ಹೊರಳಿಸಿಕೊಳ್ಳುತ್ತದೆ. ಆದರೆ ಸೋಮಾರಿ ಕೋಳಿಗಳೂ ಇರುತ್ತವೆ. ಬೊಟ್ಟು ಬೆಳಿಗ್ಗೆಯೂ ಮೇಲೆ, ಸಂಜೆಯೂ ಮೇಲೆ ಇದ್ದರೆ ಆ ಕೋಳಿ ಕಳ್ಳಾಟ ಆಡುತ್ತಿದೆ ಎಂದು ಅರ್ಥ. ಆಗ ಅತ್ತೆ ಅದನ್ನು ಬೈದು, ಅದರ ಹೊಟ್ಟೆಯ ಕೆಳಗೆ ಕೈ ಹಾಕಿ, ತಾವೇ ಹೊರಳಿಸಿ ಬರುತ್ತಿದ್ದರು. ಹೊರಳಿಸದಿದ್ದರೆ ಮರಿ ಒಂದೇ ಕಡೆ ಅಂಟಿಕೊಂಡು ಸಾಯುತ್ತದೆ ಎಂದು ಅವರು ನನಗೆ ಎಷ್ಟು ಸಲ ಹೇಳಿದ್ದರೋ ಲೆಕ್ಕವಿಲ್ಲ. ಅದು ನಿಜ ಕೂಡ. ಕೋಳಿಯ ಮಟ್ಟಿಗೆ.

ಎರಡು ವರ್ಷದ ಹಿಂದೆ, ಕಾರ್ತಿಕದಲ್ಲಿ ಒಂದು ಭಾನುವಾರ, ಹೊಲದ ಮೂಲೆಯಲ್ಲಿ ಹಸುಗಳ ಮೇವಿಗೆ ಸೈಲೇಜ್ ಗುಂಡಿ ತೋಡಿಸಲು ನನ್ನ ಗಂಡ ಜೆಸಿಬಿ ಕರೆಸಿದ್ದರು. ಅತ್ತೆ ಬದುವಿನ ಮೇಲೆ ಕೊಡೆ ಹಿಡಿದು ಕೂತು ಮೇಸ್ತ್ರಿಕೆ ಮಾಡುತ್ತಿದ್ದರು. ಮೊಣಕಾಲು ನೋವಿನಿಂದ ಕೆಳಗೆ ಇಳಿಯಲಾಗದು, ಬಾಯಿ ಸುಮ್ಮನಿರದು. ಗುಂಡಿಯ ಒಂದು ಪಕ್ಕ ಕುಸಿದಾಗ ಅವರೇ ಮೊದಲು ಕೂಗಿದ್ದು.

"ನಿಲ್ಸಪ್ಪಾ, ನಿಲ್ಸು! ಅಲ್ಲೇನೋ ಬೆಳ್ಳಗೆ ಕಾಣ್ತದೆ ನೋಡು!"

ಡ್ರೈವರ್ ಕೆಜಿಎಫ್‌ನವನು. ಇಣುಕಿ ನೋಡಿ, "ಆಮೈ ಮುಟ್ಟೈ ಮಾ," ಎಂದ. ನಾವು ಆಮೆ ಎಂದರೂ ಅವನು ತಮಿಳಲ್ಲಿ ಆಮೈ ಎಂದರೂ ಪಕ್ಕದ ಹೊಲದವರು ತೆಲುಗಲ್ಲಿ ತಾಬೇಲು ಎಂದರೂ ಅದೇ ಪ್ರಾಣಿ. ನಮ್ಮ ಕಡೆ ಮೂರು ಭಾಷೆಯೂ ಒಂದೇ ತಟ್ಟೆಯಲ್ಲಿ ಉಣ್ಣುತ್ತವೆ. ಮಳೆಗಾಲ ಮುಗಿಯುವ ಹೊತ್ತಿಗೆ ಕೆರೆಯ ಆಮೆಗಳು ಮೇಲೆ ಬಂದು ಹೊಲದ ಮೂಲೆಯಲ್ಲಿ ಮಣ್ಣು ಬಗೆದು ಮೊಟ್ಟೆಯಿಡುತ್ತವೆ ಎಂದು ಕೇಳಿದ್ದೆ. ನೋಡಿದ್ದು ಅದೇ ಮೊದಲು. ಸಣ್ಣ ನಿಂಬೆಹಣ್ಣಿನಷ್ಟು ದಪ್ಪ, ದುಂಡಗೆ, ಸುಣ್ಣ ಹೊಡೆದಷ್ಟು ಬಿಳುಪು. ನಾನು ಗುಂಡಿಗೆ ಇಳಿದು ಮಣ್ಣು ಸರಿಸಿ ಎಣಿಸಿದೆ. ಹನ್ನೊಂದಿದ್ದವು. ಒಂದೂ ಒಡೆದಿರಲಿಲ್ಲ.

"ಅನ್ನೊಂದಾ? ಬೆಸ ಐತೆ," ಎಂದು ಅತ್ತೆಯ ಮುಖ ಅರಳಿತು. ಅಲ್ಲಿಗೆ ತೀರ್ಮಾನ ಆದಂತೆಯೇ.

ನನ್ನ ಗಂಡ, "ಪಕ್ಕದಲ್ಲೆಲ್ಲಾದ್ರೂ ಊತಾಕಿ ಬಾರಮ್ಮ, ಗಾಡಿ ನಿಂತೈತೆ," ಎಂದರು. ಡ್ರೈವರ್ ಇನ್ನೊಂದು ಹೇಳಿದ: ಆಮೆ ಹೊಕ್ಕ ಮನೆ ಉದ್ಧಾರ ಆಗಲ್ಲ ಅಂತ ನಮ್ಮ ಕಡೆ ಹೇಳುತ್ತಾರೆ, ಮನೆಗೆ ಮಾತ್ರ ಒಯ್ಯಬೇಡಿ. ಅತ್ತೆ ಅವನ ಕಡೆ ತಿರುಗಿ, "ಒಕ್ಕೋದು ಆಮೆ ತಾನೇ ಕಣಪ್ಪ? ನಾವು ಮೊಟ್ಟೆ ತಗೊಂಡೋಯ್ತೀವಿ," ಎಂದರು. ಅವನು ನಕ್ಕು ಗಾಡಿ ಹತ್ತಿದ.

ಅತ್ತೆ ಅಲ್ಲೇ ಕೂತು, ಮನೆಯ ಒಲೆಯಿಂದ ತರಿಸಿದ ಇದ್ದಿಲಿನಲ್ಲಿ, ನಾನು ಒಂದೊಂದು ಮೊಟ್ಟೆ ಎತ್ತಿ ಹಿಡಿದ ಹಾಗೆಯೇ, ಮಣ್ಣಿನಲ್ಲಿ ಮೇಲಾಗಿದ್ದ ಭಾಗಕ್ಕೆ ಬೊಟ್ಟಿಟ್ಟರು. ಕಾವು ಕೂತ ಕೋಳಿಯ ಕೆಳಗೇ ಇಡೋಣವೇ ಎಂದು ಸ್ವಲ್ಪ ಹೊತ್ತು ಯೋಚಿಸಿ, "ಬೇಡ, ಮರಿ ಕಂಡ್ರೆ ಕೋಳಿ ಎದ್ರಿ ಸಾಯ್ತದೆ," ಎಂದು ತಾವೇ ಬಿಟ್ಟರು. ಗೂಡಿನ ಮಣ್ಣನ್ನೇ ಬುಟ್ಟಿಗೆ ತುಂಬಿಸಿ, ಅದರಲ್ಲಿ ಮೊಟ್ಟೆಗಳನ್ನು ಅರ್ಧಕ್ಕೆ ಹೂತು, ಬಚ್ಚಲಮನೆಯ ಹಂಡೆ ಒಲೆಯ ಹಿಂದಿನ ಬೆಚ್ಚನೆಯ ಮೂಲೆಯಲ್ಲಿ ಇರಿಸಿದರು. ಮಣ್ಣು ಒಣಗದಂತೆ ಮೇಲೆ ಒದ್ದೆ ಗೋಣಿಚೀಲ. ಮಾವನ ಮೊಳೆಗೆ ಅರಿಶಿನ ಹಚ್ಚಿ, ಕೈ ಮುಗಿದು, ಅಂಚಿನ ಮೂರು ಮೊಟ್ಟೆಗಳ ಮೇಲೆ ಅಡ್ಡಡ್ಡ ಮಲಗಿಸಿದರು.

ಆಮೇಲೆ ನನಗೆ ಕೆಲಸ ಹಂಚಿದರು. "ಕೋಳಿ ಇಲ್ಲ. ಕೋಳಿ ಮಾಡೋ ಕೆಲ್ಸ ನಾವ್ ಮಾಡ್ಬೇಕು. ಎತ್ತಿದ ಕೈಯೇ ಒರಳಿಸ್ಬೇಕು, ಅದ್ಕೆ ನೀನೇ ಮಾಡು. ಬೆಳಿಗ್ಗೆ ಒಂದ್ಸಲ, ಸಂಜೆ ಒಂದ್ಸಲ. ಮರೀಬೇಡ."

ಎತ್ತಿದ ಕೈಯೇ ಹೊರಳಿಸಬೇಕು ಎಂಬ ಶಾಸ್ತ್ರ ಯಾವ ಪುರಾಣದಲ್ಲಿದೆಯೋ ಗೊತ್ತಿಲ್ಲ. ಅವರ ಮೊಣಕಾಲು ಬಗ್ಗುವುದಿಲ್ಲ ಎಂಬುದು ಮಾತ್ರ ಗೊತ್ತಿತ್ತು. ಸರಿ ಎಂದೆ.

ಸೋಮವಾರದಿಂದ ನನ್ನ ಬೆಳಗಿನ ಯುದ್ಧಕ್ಕೆ ಇನ್ನೊಂದು ರಂಗ ತೆರೆಯಿತು. ಒಂದು ಕೈಯಲ್ಲಿ ಬಾಚಣಿಗೆ, ಒಂದು ಕೈಯಲ್ಲಿ ಆಮೆ ಮೊಟ್ಟೆ. ಗೋಣಿ ಸರಿಸಿ, ಬೊಟ್ಟು ಮೇಲಿದ್ದುದನ್ನು ಕೆಳಗೆ, ಕೆಳಗಿದ್ದುದನ್ನು ಮೇಲೆ. ಎಂಟಕ್ಕೆ ಹೀಗೆ ಮಾಡುತ್ತಿದ್ದೆ. ಮೊಳೆಯ ಕೆಳಗಿನ ಮೂರನ್ನು ಬಿಟ್ಟುಬಿಡುತ್ತಿದ್ದೆ. ಆ ಮೊಳೆ ಎತ್ತಬೇಕೆಂದರೆ ಸ್ನಾನ ಮಾಡಿರಬೇಕು, ಎತ್ತಿ ಕಣ್ಣಿಗೊತ್ತಿಕೊಳ್ಳಬೇಕು, ಮತ್ತೆ ಅರಿಶಿನ ಹಚ್ಚಿ ಇಡಬೇಕು. ನನ್ನ ರೈಲು ಅಷ್ಟು ಮಡಿವಂತಿಕೆಗೆ ಕಾಯುವಂಥದ್ದಲ್ಲ. ಸಂಜೆ ಬಂದ ಮೇಲಾದರೂ ಮಾಡಬಹುದಿತ್ತು. ಮಾಡಲಿಲ್ಲ. ಬೆಳಿಗ್ಗೆ ಕದ್ದವಳಿಗೆ ಸಂಜೆ ಕದಿಯುವುದು ಇನ್ನೂ ಸುಲಭ. ಅತ್ತೆ ಪಡಸಾಲೆಯಿಂದ, "ಎಲ್ಲಾನೂ ಒರಳಿಸ್ದಾ?" ಎಂದು ಕೇಳುತ್ತಿದ್ದರು. "ಎಲ್ಲಾ ಆಯ್ತು ಅತ್ತೆ," ಎನ್ನುತ್ತಿದ್ದೆ. ಒಂದು ಚಿಕ್ಕ ಸುಳ್ಳು, ಯಾರ ತಲೆ ಹೋಗುತ್ತದೆ ಎಂದುಕೊಂಡಿದ್ದೆ.

ಶುಕ್ರವಾರ ರೈಲಿನಲ್ಲಿ ನನ್ನ ಎದುರಿಗೆ ಒಬ್ಬರು ಮೇಡಂ ಕೂತರು. ಚಾಂಪಿಯನ್ ಸ್ಟೇಷನ್ನಿನಲ್ಲಿ ಇಳಿಯುವವರು, ಕಾಲೇಜಿನಲ್ಲಿ ಜೀವಶಾಸ್ತ್ರ ಹೇಳುತ್ತಾರೆ. ವರ್ಷಗಳಿಂದ ಒಂದೇ ಡಬ್ಬಿಯಲ್ಲಿ ಹೋಗುವುದರಿಂದ ಹೂವು, ಹಪ್ಪಳ, ಕಷ್ಟಸುಖ ಎಲ್ಲ ಹಂಚಿಕೊಳ್ಳುವಷ್ಟು ಸಲುಗೆ. ಜಂಬ ಕೊಚ್ಚಿಕೊಳ್ಳಲು ಒಳ್ಳೆಯ ಸಮಯ ಎಂದುಕೊಂಡು ನಮ್ಮ ಬಚ್ಚಲಮನೆಯ ಬಾಣಂತನದ ಕಥೆ ಹೇಳಿದೆ. ಅವರು ನಗುತ್ತ ಕೇಳುತ್ತಿದ್ದರು. ಹೊರಳಿಸುವ ಸಂಗತಿ ಬಂದದ್ದೇ ನಗು ನಿಂತುಹೋಯಿತು.

"ಹೊರಳಿಸಿದ್ರಾ? ಎಷ್ಟು ದಿನದಿಂದ?"

"ಐದು ದಿನ. ಎರಡು ಹೊತ್ತೂ."

ಅವರು ನನ್ನ ಕೈ ಹಿಡಿದುಕೊಂಡು ನಿಧಾನವಾಗಿ ಹೇಳಿದರು. ಕೋಳಿ ಮೊಟ್ಟೆಯೊಳಗೆ ಎರಡು ಕಡೆ ಹುರಿ ಹೊಸೆದಂಥ ಎಳೆ ಇರುತ್ತವೆ. ಹಳದಿಯನ್ನು ನಡುವೆ ಹಿಡಿದು ನಿಲ್ಲಿಸುತ್ತವೆ. ಹೇಗೆ ತಿರುಗಿಸಿದರೂ ಜೀವದ ಮೊಳಕೆ ಮೇಲೆ ಬಂದು ಕೂರುತ್ತದೆ. ಆಮೆ ಮೊಟ್ಟೆಯಲ್ಲಿ ಆ ಎಳೆಗಳಿಲ್ಲ. ಇಟ್ಟ ಸ್ವಲ್ಪ ಕಾಲಕ್ಕೆ ಮೊಳಕೆ ಮೇಲಕ್ಕೆ ಬಂದು ಚಿಪ್ಪಿನ ಒಳಮೈಗೆ ಅಂಟಿಕೊಳ್ಳುತ್ತದೆ. ಅಂಟಿಕೊಂಡೇ ಬೆಳೆಯಬೇಕು. ಆಮೇಲೆ ತಿರುಗಿಸಿದರೆ ಅಂಟು ಹರಿಯುತ್ತದೆ, ಇಲ್ಲವೇ ಹಳದಿಯ ಭಾರದ ಕೆಳಗೆ ಸಿಕ್ಕಿ ಸಾಯುತ್ತದೆ. ಅದಕ್ಕೇ ತಾಯಾಮೆ ಮೊಟ್ಟೆಯಿಟ್ಟು ಮಣ್ಣು ಮುಚ್ಚಿ ಹೊರಟುಹೋದರೆ ಮತ್ತೆ ತಿರುಗಿ ನೋಡುವುದಿಲ್ಲ. "ಕೋಳಿಗೆ ಅಕ್ಕರೆ ಅಂದ್ರೆ ಮುಟ್ಟೋದು. ಇದಕ್ಕೆ ಅಕ್ಕರೆ ಅಂದ್ರೆ ಮುಟ್ಟದೇ ಇರೋದು," ಎಂದರು.

"ಹಾಗಾದ್ರೆ ಎಲ್ಲಾ ಹೋದ ಹಾಗಾ ಮೇಡಂ?"

"ಹೇಳೋಕಾಗಲ್ಲ. ನಮ್ಮ ಕೆರೆ ಆಮೆಗಳ ಮೊಟ್ಟೆ ಮೊದಲ ಕೆಲವು ತಿಂಗಳು ನಿದ್ದೆ ಮಾಡಿದ ಹಾಗೆ ಇರ್ತವೆ, ಬೆಳವಣಿಗೆ ನಿಂತೇ ಇರುತ್ತೆ. ಚಳಿ ಕಳೆದು ಬಿಸಿಲು ಬಂದ ಮೇಲೆ ಏಳ್ತವೆ. ಎಂಟು ತಿಂಗಳು, ಒಂಬತ್ತು ತಿಂಗಳು, ಒಂದೊಂದು ಸಲ ಇನ್ನೂ ಹೆಚ್ಚು. ಎಲ್ಲಿ ಯಾವುದು ಉಳಿದಿದೆಯೋ. ಮೊದಲು ಅರಣ್ಯ ಇಲಾಖೆಯವರಿಗೆ ಹೇಳಿ, ಮನೇಲಿ ಇಡಬಾರದು. ಮೇಲಿನ ಭಾಗ ಮೇಲೇ ಇರೋ ಹಾಗೆ ಮಣ್ಣಿಗೆ ಹಾಕಿ, ಬಿಟ್ಟುಬಿಡಿ."

ಊರಿಗಾಂ ಬಂತು, ಇಳಿದೆ. ಅವತ್ತು ಆಫೀಸಿನಲ್ಲಿ ಏನು ಬರೆದೆನೋ ದೇವರೇ ಬಲ್ಲ. ಮೊಟ್ಟೆಗಳ ಬಗ್ಗೆ ಸಂಕಟವಾಗಿತ್ತು, ನಿಜ. ಅದಕ್ಕಿಂತ ಹೆಚ್ಚು ಸಂಕಟ ಅತ್ತೆಯದು. ಆ ಹೆಂಗಸಿಗೆ ಓದಿಲ್ಲ, ಚಿನ್ನವಿಲ್ಲ, ಕೂಗಿದರೆ ಓಡಿಬರುವ ತವರಿಲ್ಲ. ಇದ್ದದ್ದು ಊರು ಒಪ್ಪಿದ ಒಂದು ಕೈಗುಣ. ಆ ಕೈಗುಣವೇ ಈ ಮೊಟ್ಟೆಗಳಿಗೆ ವಿಷವಾಯಿತು ಎಂದು ನಾನು ಹೇಗೆ ಹೇಳಲಿ? ಹೇಳಬಾರದು ಎಂದು ರೈಲಿನಲ್ಲಿ ವಾಪಸು ಬರುವಾಗ ನಿರ್ಧರಿಸಿದೆ.

ಸಂಜೆ ಇಷ್ಟೇ ಹೇಳಿದೆ: "ಮೇಡಂ ಅಂದ್ರು ಅತ್ತೆ, ಇನ್ಮೇಲೆ ಮುಟ್ಟೋದು ಬೇಡ್ವಂತೆ. ಮಣ್ಣಿಗೇ ಹಾಕ್ಬೇಕಂತೆ, ಬೊಟ್ಟು ಮೇಲೆ ಬರೋ ಹಾಗೆ."

"ಯಾಕಂತೆ?"

"ಅದೇನೋ ಕಾನೂನಂತೆ."

ಅತ್ತೆ ನನ್ನ ಮುಖವನ್ನೇ ಸ್ವಲ್ಪ ಹೊತ್ತು ನೋಡಿದರು. ಆಮೇಲೆ, "ಆಗ್ಲಿ," ಎಂದು ಎದ್ದು ಬಚ್ಚಲ ಕಡೆಗೆ ಹೋದರು. ಸಾಮಾನ್ಯವಾಗಿ ಒಂದು ಮಾತಿಗೆ ಹತ್ತು ಮಾತು ಆಡುವವರು ಅಷ್ಟಕ್ಕೇ ಒಪ್ಪಿದ್ದು ನನಗೆ ಆಶ್ಚರ್ಯವಾಯಿತು. ಬದುಕಿದೆ ಎಂದುಕೊಂಡೆ.

ನಾನು ಫೋನ್ ಮಾಡಿ ತಿಳಿಸಿದ್ದರಿಂದ ಮರುದಿನ ಅರಣ್ಯ ಇಲಾಖೆಯ ಗಾರ್ಡ್ ಒಬ್ಬರು ಬೈಕಿನಲ್ಲಿ ಬಂದರು. ಬೈಯುತ್ತಾರೆ ಎಂದು ಹೆದರಿದ್ದೆ, ಅವರು ಬೈಯಲಿಲ್ಲ. ಮನೆಯಲ್ಲಿ ಇಟ್ಟುಕೊಳ್ಳುವ ಹಾಗಿಲ್ಲ, ಗೂಡಿದ್ದ ಜಾಗಕ್ಕೆ ಆದಷ್ಟು ಹತ್ತಿರದಲ್ಲೇ ಇಡೋಣ ಎಂದರು. ಬದುವಿನ ಪಕ್ಕ, ನೀರು ನಿಲ್ಲದ ಎತ್ತರದಲ್ಲಿ, ಒಂದು ಗೇಣು ಆಳಕ್ಕೆ ಗುಂಡಿ ತೆಗೆಸಿದರು. ಮೆತ್ತಗಿರಲಿ ಎಂದು ನನ್ನ ಗಂಡ ಕೆಜಿಎಫ್‌ನ ನಂದಿದುರ್ಗ ಗಣಿಯ ಕಡೆಯ ಸೈನೈಡ್ ದಿಬ್ಬದಿಂದ ಒಂದು ಚೀಲ ನುಣ್ಣನೆ ಮಣ್ಣು ತರುತ್ತೇನೆಂದು ಹೊರಟರು. ಗಣಿಯ ಕಲ್ಲು ಅರೆದು ಚಿನ್ನ ತೆಗೆದು ಎಸೆದ ಆ ಮಣ್ಣು ನೋಡಲು ಜರಡಿ ಹಿಡಿದ ಮರಳಿನ ಹಾಗೇ ಇರುತ್ತದೆ. ಅತ್ತೆ ರೇಗಿದರು.

"ಲೇ, ನೆಟ್ಟಗೆ ಉಲ್ಲು ಮೊಳಿಯಲ್ಲ ಅದ್ರಾಗೆ. ಒಂದು ಮಳೆ ಬಿದ್ರೆ ಗಾರೆ ಆಗ್ತದೆ. ನಿಮ್ಮಪ್ಪ ಏನೇಳ್ತಿದ್ರು? ಭೂಮಿ ಒಳಗಿರೋರ್ಗೆ ಅನ್ನಕ್ಕಿಂತ ಮುಂಚೆ ಗಾಳಿ ಬೇಕು ಅಂತಿರ್ಲಿಲ್ವಾ? ಇದೇ ಮಣ್ಣು ಆಕು, ತುಳೀಬೇಡ."

ಮೊಟ್ಟೆಗಳನ್ನು ಇಡುವಾಗಲೂ ಎತ್ತಿದ ಕೈ ನನ್ನದೇ. ಬೊಟ್ಟು ಮೇಲೆ ಮಾಡಿ ಒಂದೊಂದನ್ನೇ ಇಳಿಸುತ್ತ ಬಂದೆ. ಕೊನೆಯ ಮೂರರ ಸರದಿ ಬಂದಾಗ ಅತ್ತೆ ಮೊಳೆ ಎತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡರು. ಒದ್ದೆ ಗೋಣಿಯ ಕೆಳಗೆ ಆರು ದಿನ ಇದ್ದದ್ದಕ್ಕೆ ಮೊಳೆ ತುಕ್ಕು ಬಿಟ್ಟು, ಕೆಳಗಿದ್ದ ಮೂರು ಮೊಟ್ಟೆಗಳ ಮೇಲೆ ಕೆಂಪು ಕಲೆ ಅಂಟಿತ್ತು. ಬೊಟ್ಟಿನ ಪಕ್ಕದಲ್ಲೇ, ಮೂರಕ್ಕೂ ಒಂದೇ ಕಡೆ. ಅತ್ತೆ ಬಗ್ಗಿ ಒಂದು ಕಲೆಯನ್ನು ಹೆಬ್ಬೆರಳಲ್ಲಿ ಮೆಲ್ಲಗೆ ಒರೆಸಿ ನೋಡಿದರು. ಹೋಗಲಿಲ್ಲ. ಮಣ್ಣು ಮುಚ್ಚಲು ಸನ್ನೆ ಮಾಡಿದರು.

ಅಲ್ಲಿಂದ ಶುರುವಾಯಿತು ಕಾಯುವುದು. ಮುಂಗುಸಿ, ಉಡ, ಬೀದಿನಾಯಿ ಎಲ್ಲಕ್ಕೂ ಅಂಥ ಗೂಡು ಬಿಟ್ಟಿ ಊಟ. ಗಾರ್ಡ್ ಹೇಳಿದಂತೆ ಮಂಕರಿ ಬುಟ್ಟಿ ಬೋರಲು ಹಾಕಿ, ಮೇಲೆ ಕಲ್ಲು ಹೇರಿ, ಸುತ್ತ ಜಾಲಿ ಮುಳ್ಳು ಬಡಿದೆವು. ಅತ್ತೆ ದಿನಾ ಬೆಳಿಗ್ಗೆ ಕೋಲೂರಿಕೊಂಡು ಹೋಗಿ ನೋಡಿ ಬರುತ್ತಿದ್ದರು. ಒಮ್ಮೆ ಮುಂಗುಸಿ ಮಂಕರಿಯ ಪಕ್ಕದಲ್ಲಿ ಅರ್ಧ ಮೊಳ ಬಗೆದಿತ್ತು. ಅವತ್ತಿನಿಂದ ಸಂಜೆಯೂ ಹೋಗತೊಡಗಿದರು. ಮೊಣಕಾಲು ನೋವು ಎಲ್ಲಿ ಹೋಯಿತೋ! ಊರವರಿಗೆ ಬಾಯಿಗೆ ಎಲೆಅಡಿಕೆ ಸಿಕ್ಕಿದಂತಾಯಿತು. "ಏನಕ್ಕಾ, ಕೋಳಿ ಬಾಣಂತನ ಆಯ್ತು, ಈಗ ಆಮೆ ಬಾಣಂತನವಾ?" ಎಂದು ಡೈರಿಯ ಮುಂದೆ ಕೇಳುವರು. ಅತ್ತೆ, "ಊ ಕಣ್ರೋ, ಬೆಣ್ಣೆ ಕಾಯ್ಸಿಟ್ಟಿರಿ, ನಾಮಕರಣಕ್ಕೆ ಕರೀತೀನಿ," ಎನ್ನುವರು.

ಚಳಿಗಾಲ ಹೋಯಿತು, ಶಿವರಾತ್ರಿ ಹೋಯಿತು, ಯುಗಾದಿ ಬಂತು. ಬಿಸಿಲಿಗೆ ಬದುವಿನ ಮಣ್ಣು ಕಲ್ಲಾಯಿತು. ಒಂದು ಕೊಡ ನೀರು ಹಾಕಿದರೆ ಮರಿಗೆ ತಂಪಾಗುತ್ತದಲ್ಲವೇ ಎಂದು ಅತ್ತೆ ನನ್ನಿಂದ ಮೇಡಂಗೆ ಕೇಳಿಸಿದರು. ಬೇಡ, ನೀರು ಬಿತ್ತೆಂದರೆ ಮಳೆ ಬಂತೆಂದು ತಿಳಿದು ಹೊತ್ತಲ್ಲದ ಹೊತ್ತಿನಲ್ಲಿ ಹೊರಗೆ ಬಂದಾವು ಎಂದರು ಮೇಡಂ. ಒಳಗೆ ಪೂರ್ತಿ ಬೆಳೆದ ಮರಿ ಕೂಡ ಚಿಪ್ಪು ಒಡೆಯದೆ ಮಳೆಗಾಗಿ ಕಾದು ಕೂರುತ್ತದಂತೆ. ಅದನ್ನು ಹೇಳಿದಾಗ ಅತ್ತೆ, "ಅಷ್ಟು ತಾಳ್ಮೆ ನಮ್ಮನೇಲಿ ಯಾರ್ಗೈತೆ," ಎಂದು ನನ್ನ ಕಡೆ ನೋಡಿದರು.

ಆದರೆ ಆ ತಿಂಗಳುಗಳಲ್ಲಿ ಒಂದು ವಿಷಯ ನನ್ನನ್ನು ಕೊರೆಯುತ್ತಿತ್ತು. ಅತ್ತೆ ಕೋಳಿ ಕಾವಿಗೆ ಕೂರಿಸುವುದನ್ನು ನಿಲ್ಲಿಸಿಬಿಟ್ಟಿದ್ದರು. ಸಂಕ್ರಾಂತಿ ಹೊತ್ತಿಗೆ ಪಕ್ಕದ ಮನೆಯಾಕೆ, ಅತ್ತೆಯ ಕೈಯಿಂದಲೇ ಕೂರಿಸಬೇಕೆಂದು, ಕಾವಿಗೆ ಬಂದ ಕೋಳಿಯನ್ನು ಕಂಕುಳಲ್ಲಿಟ್ಟುಕೊಂಡು ಬಂದಳು. "ಇವು ಏಳ್ಲಿ ಕಣಮ್ಮ, ಆಮೇಕೆ ನೋಡಾಣ," ಎಂದು ವಾಪಸು ಕಳಿಸಿದರು. ಇನ್ನೊಬ್ಬಳು ಬಂದಳು, ಅವಳಿಗೂ ಅದೇ ಮಾತು. ಹರಕೆ ಹೊತ್ತಿರಬೇಕು ಎಂದುಕೊಂಡೆ. ಮಳೆ ಬಂದು ಒಂದು ಮರಿಯೂ ಏಳದಿದ್ದರೆ ಈ ಹೆಂಗಸು ಮತ್ತೆ ಯಾವತ್ತೂ ಬುಟ್ಟಿ ಮುಟ್ಟುವುದಿಲ್ಲ ಎಂದು ನನಗೆ ಗೊತ್ತಿತ್ತು. ಮಂಕರಿಯ ಕೆಳಗೆ ಇದ್ದದ್ದು ಹನ್ನೊಂದು ಮೊಟ್ಟೆಗಳು ಮಾತ್ರ ಅಲ್ಲ. ರೈಲಿನಲ್ಲಿ ಚಾಂಪಿಯನ್ ಮೇಡಂ ಸಿಕ್ಕಾಗಲೆಲ್ಲ, "ಒಂದಾದರೂ ಎದ್ದೀತಾ ಮೇಡಂ?" ಎಂದು ಕೇಳುತ್ತಿದ್ದೆ. ಅವರು ಪಾಪ, "ನೋಡೋಣ," ಎನ್ನುತ್ತಿದ್ದರು.

ಆರಿದ್ರೆ ಮಳೆ ಬಂದರೆ ಆರು ಮಳೆ ಬರುತ್ತದೆ ಎನ್ನುತ್ತಾರೆ. ಆ ವರ್ಷ ಆರಿದ್ರೆ ಎರಡು ದಿನ ಬಿಡದೆ ಸುರಿಯಿತು. ಮೂರನೆಯ ದಿನ ಬೆಳಿಗ್ಗೆ ನಾನು ಟಿಫನ್ ಡಬ್ಬಿ ಕಟ್ಟುತ್ತಿದ್ದಾಗ ಹೊಲದ ಕಡೆಯಿಂದ ಅತ್ತೆಯ ಕೂಗು ಕೇಳಿಸಿತು. ಏನಾಯಿತೋ ಎಂದು ಸೌಟು ಹಿಡಿದೇ ಓಡಿದೆ.

ಬದುವಿನ ಮಣ್ಣು ಬಿರಿದು ಒಂದು ಸಣ್ಣ ತೂತು ಬಿದ್ದಿತ್ತು. ಮಂಕರಿಯನ್ನು ಅತ್ತೆ ಎತ್ತಿ ಪಕ್ಕಕ್ಕಿಟ್ಟಿದ್ದರು. ತೂತಿನ ಬಾಯಲ್ಲಿ ಮಣ್ಣು ಮೆತ್ತಿದ ಒಂದು ಚೂಪು ಮೂತಿ, ಎರಡು ಪುಟ್ಟ ಕಣ್ಣು. ನಾವು ನೋಡುತ್ತಿದ್ದ ಹಾಗೇ ಮುಂಗಾಲು ಊರಿ ಹೊರಗೆ ಬಂತು. ಎಂಟಾಣೆಯಷ್ಟಗಲ ಎಂದು ನನಗೆ ಅನ್ನಿಸಿತು. ಗಂಡ ಆಮೇಲೆ ಅದಕ್ಕಿಂತ ದೊಡ್ಡದು ಎಂದರು. ನನ್ನ ಕಣ್ಣಲ್ಲಿ ನೀರಿತ್ತು, ಅಳತೆ ಎಲ್ಲಿಂದ ಸರಿಯಾಗಬೇಕು. ಅದರ ಹಿಂದೆ ಇನ್ನೊಂದು. ಸ್ವಲ್ಪ ಹೊತ್ತು ಬಿಟ್ಟು ಮತ್ತೊಂದು.

ಎತ್ತಿ ಕೆರೆಗೆ ಬಿಡಬಾರದು, ದಾರಿ ಅವೇ ಹಿಡಿಯಬೇಕು ಎಂದು ಮೇಡಂ ಮೊದಲೇ ಹೇಳಿದ್ದರು. ಅವು ಹೊರಟವು, ಮೂರು ಹೆಜ್ಜೆ ನಡೆದು, ನಿಂತು, ಮತ್ತೆ ನಡೆದು. ಹಿಂದೆ ಅತ್ತೆ ಕೋಲು ಬೀಸುತ್ತ, ಕಾಗೆ ಕೊಕ್ಕರೆಗಳನ್ನು ಬಾಯಿಗೆ ಬಂದಂತೆ ಬೈಯುತ್ತ. ಅವರ ಹಿಂದೆ ಸೌಟು ಹಿಡಿದ ನಾನು. ಕೆರೆಯ ಅಂಚಿನ ಜೊಂಡಿನೊಳಗೆ ಮೂರೂ ನುಸುಳಿ ಕಾಣದಾದ ಮೇಲೂ ಅತ್ತೆ ಬಹಳ ಹೊತ್ತು ನಿಂತಿದ್ದರು. ಅವತ್ತು ನನ್ನ ರೈಲು ತಪ್ಪಿತು.

ಉಳಿದ ಎಂಟಕ್ಕಾಗಿ ಅತ್ತೆ ಇನ್ನೂ ಒಂದು ತಿಂಗಳು ಕಾದರು. ಮಂಕರಿ, ಮುಳ್ಳು, ಎರಡು ಹೊತ್ತಿನ ಕಾವಲು ಎಲ್ಲ ಹಾಗೆಯೇ. ಏನೂ ಬರಲಿಲ್ಲ. ಇನ್ನು ಬರುವುದಿಲ್ಲ, ತೆಗೆದು ನೋಡಬಹುದು ಎಂದು ಗಾರ್ಡ್ ಬಂದು ಹೇಳಿದರು. ಒಂದು ಭಾನುವಾರ ಅವರ ಎದುರಿನಲ್ಲೇ ನಾನು ಮಣ್ಣು ಬಿಡಿಸಿದೆ. ಅತ್ತೆ ಬದುವಿನ ಮೇಲೆ ಕೂತಿದ್ದರು. ಎಂಟು ಮೊಟ್ಟೆ ಹಾಗೆಯೇ ಇದ್ದವು. ಒಂದು ನನ್ನ ಕೈಯಲ್ಲೇ ಒಡೆದು ನಾರಿತು. ಮರಿಯ ಗುರುತೇ ಇರಲಿಲ್ಲ. ಮೂರು ಮಾತ್ರ ಒಡೆದು ಖಾಲಿಯಾದ ಚಿಪ್ಪು. ಗಾರ್ಡ್ ನೋಡಿ, ಬರೆದುಕೊಂಡು, "ಮೂರು ಉಳಿದಿದ್ದೂ ಒಳ್ಳೇದೇ ಅಮ್ಮ," ಎಂದು ಹೇಳಿ ಹೋದರು.

ಅತ್ತೆ ಕೈ ಚಾಚಿದರು. ಖಾಲಿ ಚಿಪ್ಪುಗಳನ್ನು ಅವರ ಅಂಗೈಗೆ ಹಾಕಿದೆ. ಸೆರಗಿನಿಂದ ಮಣ್ಣು ಒರೆಸಿ ಒಂದೊಂದನ್ನೇ ತಿರುಗಿಸಿ ನೋಡಿದರು. ಇದ್ದಿಲಿನ ಬೊಟ್ಟು ಎಂದೋ ಅಳಿಸಿಹೋಗಿತ್ತು. ಮೂರರ ಮೇಲೂ ಕೆಂಪನೆಯ ತುಕ್ಕಿನ ಕಲೆ ಇತ್ತು.

ನನಗೆ ಆಗ ಹೊಳೆಯಿತು. ಅತ್ತೆ ನನ್ನನ್ನು ನೋಡಲಿಲ್ಲ, ಚಿಪ್ಪನ್ನೇ ನೋಡುತ್ತ ಹೇಳಿದರು.

"ಇವುನ್ನ ನೀನು ಒರಳಿಸಿರ್ಲಿಲ್ಲ."

ನಾನು ಕೈಯ ಮಣ್ಣು ಕೊಡವಿಕೊಂಡೆ.

"ನಂಗೊತ್ತಿತ್ತು ಕಣಮ್ಮ. ಬುಧವಾರ ಗೋಡೆ ಇಡ್ಕೊಂಡು ಬಚ್ಚಲಿಗೋಗಿ ನೋಡ್ದೆ. ಎಂಟರ ಬೊಟ್ಟು ಕೆಳಿಕ್ಕಿತ್ತು, ಮೂರರದ್ದು ಮೇಲೇ ಇತ್ತು. ಸೋಮಾರಿ ಕೋಳಿ ಅಂತ ಬೈಕೊಂಡೆ. ಶುಕ್ರವಾರ ನೋಡಿದ್ರೂ ಅಂಗೇ ಇತ್ತು, ನೀನು ಬತ್ತಿದ್ದಂಗೆ ನಿಂಗೆ ನಾಲ್ಕು ಮಾತು ಬೈಬೇಕು ಅಂತ ಕಾಯ್ತಾ ಕೂತಿದ್ದೆ. ನೀನು ಬಂದೆ, ಇನ್ಮೇಲೆ ಮುಟ್ಬಾರ್ದು ಅಂದೆ. ಕಾನೂನು ಅಂದೆ. ನಿನ್ ಮಕ ನೋಡ್ದೆ. ಮುಟ್ಬಾರ್ದು ಅಂದ್ರೆ ಯಾಕೆ ಮುಟ್ಬಾರ್ದು ಅಂತ ಅಷ್ಟೂ ತಿಳಿಯಲ್ವಾ ನಂಗೆ? ಮೊಟ್ಟೆ ಕೆಲ್ಸದಾಗೆ ಕೂದ್ಲು ಬೆಳ್ಳಗಾಗೈತೆ."

"ಅತ್ತೆ, ಅದಲ್ಲ..."

"ಇರು. ಎಂಟು ನನ್ ಕೈಯಾಗೆ ಓದ್ವು. ಮೂರು ನಿನ್ ಸೋಮಾರಿತನದಾಗೆ ಉಳುದ್ವು. ಅಷ್ಟೇ."

ಅವರ ದನಿಯಲ್ಲಿ ಕೋಪ ಇರಲಿಲ್ಲ, ಅದೇ ನನಗೆ ತಡೆಯಲಾಗಲಿಲ್ಲ. ಒಂಬತ್ತು ತಿಂಗಳು ಅತ್ತೆಯಿಂದ ಮುಚ್ಚಿಟ್ಟೆ ಎಂದು ನಾನು ಬೀಗಿದ್ದನ್ನು ಅವರು ಒಂಬತ್ತು ತಿಂಗಳು ನನ್ನಿಂದ ಮುಚ್ಚಿಟ್ಟಿದ್ದರು. ದಿನಕ್ಕೆರಡು ಸಲ ಮೊಣಕಾಲು ಎಳೆದುಕೊಂಡು ಆ ಬದುವಿಗೆ ಹೋಗುತ್ತಿದ್ದವರು ಬರೀ ಕಾವಲಿಗೆಂದು ಹೋಗುತ್ತಿರಲಿಲ್ಲ, ಒಂದಾದರೂ ಉಳಿದೀತೇ ಎಂದು ಹೋಗುತ್ತಿದ್ದರು. ಪಕ್ಕದ ಮನೆಯ ಕೋಳಿಯನ್ನು ತಿರುಗಿಸಿ ಕಳಿಸಿದ್ದು ಹರಕೆಗಾಗಿ ಅಲ್ಲ. ತಮ್ಮ ಕೈಯ ಮೇಲೆಯೇ ಅವರಿಗೆ ನಂಬಿಕೆ ಹೋಗಿತ್ತು. ನಾನು ಬದುವಿನ ಮೇಲೆ ಅವರ ಪಕ್ಕ ಕೂತು ಅತ್ತುಬಿಟ್ಟೆ. ಅತ್ತು ಮುಗಿದ ಮೇಲೆ ಬಾಯಿಗೆ ಬಂದದ್ದು ಇಷ್ಟೇ:

"ನಾನು ಮೂರನ್ನ ಬಿಟ್ಟಿದ್ದು ಮೊಳೆ ಎತ್ತೋಕೆ ಹೆದ್ರಿ, ಅತ್ತೆ. ಮೊಳೆ ಇಟ್ಟೋರು ನೀವು."

ಅವರು ನನ್ನ ಕಡೆ ತಿರುಗಿದರು. ಆ ಲೆಕ್ಕ ಅವರು ಹಾಕಿರಲಿಲ್ಲ. ಚಿಪ್ಪಿನ ಕೆಂಪು ಕಲೆಯನ್ನು ಹೆಬ್ಬೆರಳಲ್ಲಿ ಮತ್ತೊಮ್ಮೆ ಒರೆಸಿ, ಸೆರಗಿನ ತುದಿಯಲ್ಲಿ ಮೂರನ್ನೂ ಕಟ್ಟಿಕೊಂಡರು. ಕೆಟ್ಟ ಎಂಟನ್ನು ಅದೇ ಗುಂಡಿಯಲ್ಲಿ ಹಗಲು ಹೊತ್ತಿನಲ್ಲೇ, ಯಾರು ನೋಡಿದರೂ ನೋಡಲಿ ಎಂಬಂತೆ, ಹೂತೆವು.

ಮುಂದಿನ ವಾರ ಪಕ್ಕದ ಮನೆಯಾಕೆಗೆ ಅತ್ತೆಯೇ ಹೇಳಿ ಕಳಿಸಿದರು. ಆಕೆ ಕೋಳಿಯನ್ನೂ ಮೊಟ್ಟೆಯನ್ನೂ ತಂದಳು. ಅತ್ತೆ ಬುಟ್ಟಿಗೆ ಹುಲ್ಲು ಹಾಸಿ, ಇದ್ದಿಲಿನ ಬೊಟ್ಟಿಟ್ಟು, ಮೊಳೆಗೆ ಅರಿಶಿನ ಹಚ್ಚಿದರು. ನಾನು ಚಪ್ಪಲಿ ಮೆಟ್ಟಿ ಬ್ಯಾಗು ಹೆಗಲಿಗೆ ಹಾಕಿ ಹೊರಟಿದ್ದೆ. ಕರೆದರು. ಚಪ್ಪಲಿ ಬಿಡಿಸಿ, ಕೈ ತೊಳೆಸಿ, ಹದಿಮೂರು ಮೊಟ್ಟೆಯನ್ನೂ ನನ್ನ ಕೈಯಿಂದಲೇ ಬುಟ್ಟಿಗೆ ಇಡಿಸಿದರು.

"ಈ ಸಲ ಒರಳಿಸೋದು ಕೋಳಿ ನೋಡ್ಕೊಂತದೆ," ಎಂದರು. "ನೀನು ರೈಲು ಇಡ್ಕೋ, ಓಗು."